ಕೆಂಡದ ಮೇಲೆ ಮೊರಾಕೊ ಮತ್ತು ಜಪಾನ್: ಚಳಿಗಾಲದ ತರಕಾರಿ ಸುಡುವಲ್ಲಿ ನನ್ನ ಅನುಭವ

ಮೊರಾಕೊದ ಚರ್ಮೂಲಾ ಎಂಬ ಸೊಪ್ಪು-ಬೆಳ್ಳುಳ್ಳಿ-ನಿಂಬೆಯ ಮಸಾಲೆಯನ್ನೂ ಜಪಾನಿನ ಮಿಸೋ ಎಂಬ ಹುದುಗಿಸಿದ ಸೋಯಾ ಮುದ್ದೆಯನ್ನೂ ಕ್ಯಾರೆಟ್, ಟರ್ನಿಪ್, ಬೀಟ್‌ರೂಟಿನಂಥ ಗಟ್ಟಿ ತರಕಾರಿಗಳಿಗೆ ಹಚ್ಚಿ ಒಂದೇ ಗ್ರಿಲ್ಲಿನಲ್ಲಿ ಸುಡುತ್ತೇನೆಂದಾಗ, ಈ ಕೆಲಸದಲ್ಲಿ ಕೈ ಪಳಗಿದವರೇ ನಕ್ಕಿದ್ದರು. ಹೊರಗೆ ಕರಕು, ಒಳಗೆ ಹಸಿ ಎಂದು ಅವರು ಹೇಳಿದ್ದು ಮೊದಮೊದಲು ನಿಜವೂ ಆಯಿತು. ಈಗ ಅವರೇ ಎರಡನೆಯ ಸಲ ತಟ್ಟೆ ಚಾಚುತ್ತಾರೆಂಬುದನ್ನು ಹೇಳದೆ ಮುಂದುವರಿಯಲು ಮನಸ್ಸಾಗುತ್ತಿಲ್ಲ.

ಕ್ಯಾರೆಟ್ ಮೆತ್ತಗಾಗಬೇಕಾದರೆ ಅದರ ಒಳಭಾಗ ಹೆಚ್ಚುಕಡಿಮೆ 85 ಡಿಗ್ರಿ ಸೆಲ್ಸಿಯಸ್ ತಲುಪಬೇಕು. ಅಷ್ಟರಲ್ಲಿ ಮೇಲಿನ ಚರ್ಮೂಲಾದ ಬೆಳ್ಳುಳ್ಳಿ ಮತ್ತು ಪ್ಯಾಪ್ರಿಕಾ (ಕೆಂಪು ಮೆಣಸಿನ ಪುಡಿ) ಕಹಿಯಾಗಿರುತ್ತವೆ, ಮಿರಿನ್ ಎಂಬ ಸಿಹಿ ಅಕ್ಕಿ ಮದ್ಯ ಬೆರೆತ ಮಿಸೋ ತನ್ನ ಸಕ್ಕರೆಯ ದೆಸೆಯಿಂದ ಇನ್ನೂ ಮೊದಲೇ ಕಪ್ಪಾಗಿರುತ್ತದೆ. ಮೊದಲು ನೀರಿನಲ್ಲಿ ಬೇಯಿಸಿಕೊಳ್ಳಿ ಎಂಬ ಸಲಹೆಯನ್ನು ಪಾಲಿಸಿದಾಗ ತುಂಡುಗಳು ನೀರು ಕುಡಿದು, ಬಣ್ಣವೇ ಹಿಡಿಯದೆ, ಸರಳುಗಳ ನಡುವೆ ಕುಸಿದು ಬಿದ್ದವು.

ಕೊನೆಗೆ ಕೈಹಿಡಿದದ್ದು ಮಸಾಲೆಯನ್ನು ಹೊತ್ತಿಗೆ ತಕ್ಕಂತೆ ಒಡೆದು ಹಚ್ಚುವ ಕ್ರಮ. ಎಣ್ಣೆ, ಉಪ್ಪು, ಜೀರಿಗೆ, ಕೊತ್ತಂಬರಿ ಬೀಜ, ಶುಂಠಿ, ಚೂರು ದಾಲ್ಚಿನ್ನಿ ಇಷ್ಟನ್ನು ಮಾತ್ರ ಮೊದಲು ಸವರಿ, ಹೆಬ್ಬೆರಳು ದಪ್ಪದ ಕ್ಯಾರೆಟ್ಟನ್ನು ಕೆಂಡವಿಲ್ಲದ ಬದಿಯಲ್ಲಿ ಮುಚ್ಚಳ ಹಾಕಿ ಸುಮಾರು ಅರ್ಧ ಗಂಟೆ ಬಿಡುತ್ತೇನೆ. ಚೂರಿಯ ಮೊನೆ ಒಂದಿಷ್ಟು ತಡೆದು ಒಳಹೋಗುವಂತಾದಾಗ ನೇರ ಕೆಂಡದ ಮೇಲೆ ತಂದು ಬಣ್ಣ ಬರಿಸುತ್ತೇನೆ. ಮಿಸೋ ಪಾಲಿನ ತುಂಡುಗಳಿಗೆ ಅದನ್ನು ಸವರುವುದು ಕೊನೆಯ ಎರಡು ನಿಮಿಷವಿರುವಾಗ; ಅಂಚಿನಲ್ಲಿ ಸಣ್ಣ ಗುಳ್ಳೆಗಳೆದ್ದು ಕಂದು ಚುಕ್ಕೆ ಮೂಡಿದ ಕೂಡಲೇ ಇಕ್ಕುಳ ಸಿದ್ಧವಿರಬೇಕು. ಜಪಾನಿನ ದೆಂಗಾಕು ಅಡುಗೆಯಲ್ಲಿ ಟೋಫು ಅಥವಾ ಬದನೆಯನ್ನು ಮೊದಲು ಬೇಯಿಸಿ, ಅನಂತರ ಮಿಸೋ ಹಚ್ಚಿ ಬೆಂಕಿಗೆ ತೋರಿಸುವುದೂ ಹೀಗೆಯೇ.

ಚರ್ಮೂಲಾದ ನಿಂಬೆರಸವನ್ನಂತೂ ಒಲೆಯ ಹತ್ತಿರಕ್ಕೂ ತರುವುದಿಲ್ಲ. ರಾತ್ರಿಯಿಡೀ ಅದರಲ್ಲಿ ನೆನೆದ ಕ್ಯಾರೆಟ್ ಗಂಟೆಗಟ್ಟಲೆ ಸುಟ್ಟರೂ ಕಟ್ಟಿಗೆಯಂತೆ ಉಳಿಯಿತು, ಏಕೆಂದರೆ ತರಕಾರಿಯ ಕೋಶಗಳನ್ನು ಅಂಟಿಸಿ ಹಿಡಿದಿರುವ ಪೆಕ್ಟಿನ್ ಸಡಿಲವಾಗುವುದನ್ನು ಹುಳಿಯು ತಡೆಯುತ್ತದೆ. ಚರ್ಮೂಲಾ ಹೆಚ್ಚಾಗಿ ಮೀನಿಗೆ ಬಳಸುವ ಮಸಾಲೆ. ಅಲ್ಲಿ ಹೊಂದುವ ನೆನೆಸುವಿಕೆ ಇಲ್ಲಿ ಹೊಂದದು. ಹಸಿ ಕೊತ್ತಂಬರಿ, ಪಾರ್ಸ್ಲಿ, ಬೆಳ್ಳುಳ್ಳಿ, ನಿಂಬೆ ಎಲ್ಲವೂ ಈಗ ತಟ್ಟೆಯಲ್ಲಿಯೇ, ಬಿಸಿ ಬಿಸಿ ತುಂಡುಗಳ ಮೇಲೆಯೇ ಬೀಳುತ್ತವೆ.

ಹಣದ ಮಾತಿಗೆ ಬಂದರೆ, ಖರ್ಚಿನಲ್ಲಿ ಅರ್ಧಕ್ಕಿಂತ ಹೆಚ್ಚು ಪಾಲು ಇದ್ದಿಲಿಗೇ ಹೋಗುತ್ತಿತ್ತು. ಗ್ರಿಲ್ಲಿನ ಒಂದೇ ಬದಿಯಲ್ಲಿ ಕೆಂಡ ಮಾಡತೊಡಗಿದ ಮೇಲೆ ಅದು ಹೆಚ್ಚುಕಡಿಮೆ ಮೂರನೆಯ ಒಂದು ಭಾಗ ಇಳಿಯಿತು. ಮಿಸೋ ಅಗ್ಗದ ವಸ್ತುವಲ್ಲ, ಆದರೆ ಕೊನೆಯಲ್ಲಿ ತೆಳುವಾಗಿ ಸವರುವುದರಿಂದ ಹಿಂದೆ ಒಂದು ಸಲಕ್ಕೆ ಬೇಕಾಗುತ್ತಿದ್ದದ್ದು ಈಗ ಮೂರು ಸಲಕ್ಕೆ ಬರುತ್ತದೆ. ಕೇಸರಿಗೆ ಸುರಿದ ಹಣ ಮಾತ್ರ ಹೊಗೆಗೆ ಹೋಯಿತು, ಅದರ ಪರಿಮಳ ಯಾರ ಮೂಗಿಗೂ ತಾಗಲಿಲ್ಲ.

ಅಳತೆ ಅಂದಾಜಿನದು: ಮೂರು ಚಮಚ ಬಿಳಿ ಮಿಸೋಗೆ ಒಂದು ಚಮಚ ಕೆಂಪು ಮಿಸೋ, ಎರಡು ಚಮಚ ಮಿರಿನ್. ಬರೀ ಬಿಳಿ ಮಿಸೋ ಬೇಗ ಕರಟುತ್ತದೆ, ಬರೀ ಕೆಂಪು ಉಪ್ಪುಪ್ಪಾಗುತ್ತದೆ. ಇದಕ್ಕೆ ಸೇರುವ ಇನ್ನೊಂದು ವಸ್ತುವಿದೆ. ಅದು ಸದ್ಯಕ್ಕೆ ನನ್ನ ಬಳಿಯೇ ಇರಲಿ.

ನಡುವೆ ಗೆಣಸಿನ ಕಡೆಗೂ ಹೊರಳಿದೆ. ಜಪಾನಿನಲ್ಲಿ ಬಿಸಿ ಕಲ್ಲುಗಳ ನಡುವೆ ಗೆಣಸನ್ನು ನಿಧಾನವಾಗಿ ಸುಡುವ ಪದ್ಧತಿಯಿದೆ. 60ರಿಂದ 75 ಡಿಗ್ರಿಯ ನಡುವೆ ಅದು ಹೆಚ್ಚು ಹೊತ್ತು ಇದ್ದಷ್ಟೂ ಪಿಷ್ಟವು ಮಾಲ್ಟೋಸ್ ಎಂಬ ಸಕ್ಕರೆಯಾಗಿ ಸಿಹಿ ಏರುತ್ತದೆ. ಇಡೀ ಗೆಣಸನ್ನು ಸಿಪ್ಪೆಸಮೇತ ಗ್ರಿಲ್ಲಿನ ತಣ್ಣನೆಯ ಮೂಲೆಯಲ್ಲಿ ಒಂದೂವರೆ ಗಂಟೆಯಷ್ಟು ಬಿಟ್ಟಾಗ ಸಿಪ್ಪೆಯಿಂದ ಪಾಕ ಜಿನುಗಿತು. ಅದಕ್ಕೆ ಮಿಸೋ ಅತಿಯಾಯಿತು, ಜೀರಿಗೆ ಮತ್ತು ನಿಂಬೆ ಸೊಗಸಾಗಿ ಹೊಂದಿದವು. ಬೀಟ್‌ರೂಟಿಗೆ ಏಳು ಮಸಾಲೆಗಳ ಶಿಚಿಮಿ ಉದುರಿಸಿದ್ದು ಇನ್ನೊಂದು ಪ್ರಯೋಗ: ಅದರಲ್ಲಿನ ಕಿತ್ತಳೆ ಸಿಪ್ಪೆ ಮಣ್ಣಿನ ವಾಸನೆಯನ್ನು ಅಡಗಿಸಿತು, ಎಳ್ಳು ಮಾತ್ರ ಕೆಂಡಕ್ಕೆ ಉದುರಿ ಹೊಗೆಯೆಬ್ಬಿಸಿತು.

ಎಲೆಕೋಸಿಗೆ ಈ ಕ್ರಮವನ್ನು ತಿರುವುಮುರುವು ಮಾಡಬೇಕಾಯಿತು. ದಿಂಡು ಬಿಡದೆ ಸೀಳಿದ ಹೋಳುಗಳನ್ನು ಮೊದಲು ನೇರ ಕೆಂಡದ ಮೇಲೆ ಕಪ್ಪಾಗುವಷ್ಟು ಸುಟ್ಟು, ಆಮೇಲೆ ಬದಿಗೆ ಸರಿಸಿ ಮುಚ್ಚಿಟ್ಟರೆ ಅದರದೇ ಹಬೆಯಲ್ಲಿ ಒಳಗಿನ ಪದರಗಳು ಬೇಯುತ್ತವೆ, ಮಿಸೋ ಆ ಪದರಗಳ ಸಂದಿಗೆ ಇಳಿಯುತ್ತದೆ.