ಕಚೇರಿಗೆ ಹೊರಡುವ ಮೊದಲಿನ ಎರಡು ಗಂಟೆ

ನನ್ನ ಪತ್ತೇದಾರಿ ಕಾದಂಬರಿಯ ಮೊದಲ ಪುಟದಲ್ಲೇ ಒಂದು ಹೆಣ ಬಿದ್ದಿತ್ತು. ನಲವತ್ತನೆಯ ಪುಟಕ್ಕೆ ಬಂದರೂ ಅದು ಅಲ್ಲಿಗೆ ಹೇಗೆ ಬಂತೆಂದು ನನಗೇ ಗೊತ್ತಿರಲಿಲ್ಲ. ಪತ್ತೇದಾರ ಪುರುಷೋತ್ತಮನ ಸಾಹಸಗಳನ್ನು ಓದಿ ಬೆಳೆದವಳು ನಾನು. ಕೊಲೆಯೊಂದಾದರೆ ಸಾಕು, ಕತೆ ತಾನಾಗಿ ಓಡುತ್ತದೆ ಎಂದುಕೊಂಡಿದ್ದೆ. ಓಡಲಿಲ್ಲ. ಹಸ್ತಪ್ರತಿ ಬೀರುವಿನ ಮೇಲೆ ಸೇರಿತು.

ಅದನ್ನು ಕೆಳಗಿಳಿಸಿದ್ದು ಇಂಗ್ಲೆಂಡಿನ ಪತ್ತೇದಾರಿ ಕಾದಂಬರಿಗಾರ್ತಿ ಪಿ. ಡಿ. ಜೇಮ್ಸ್ ಅವರನ್ನು ಓದಿದ ಮೇಲೆ. ನಾನು ಸರ್ಕಾರಿ ಆಸ್ಪತ್ರೆಯೊಂದರಲ್ಲಿ ಪ್ರಥಮ ದರ್ಜೆ ಸಹಾಯಕಿ. ದಾಸ್ತಾನು ಪುಸ್ತಕ, ಇಂಡೆಂಟು, ಬಿಲ್ಲುಗಳ ನಡುವೆ ಕೂತವಳು. ಆಕೆಯೂ ಹೆಚ್ಚುಕಡಿಮೆ ಇದೇ ಕುರ್ಚಿಯವರು. 1920ರಲ್ಲಿ ಆಕ್ಸ್‌ಫರ್ಡಿನಲ್ಲಿ ಹುಟ್ಟಿ, 16ಕ್ಕೆ ಶಾಲೆ ಬಿಟ್ಟು, ತೆರಿಗೆ ಕಚೇರಿಯಲ್ಲಿ ದುಡಿದರು. ವೈದ್ಯನಾಗಿದ್ದ ಗಂಡ ಎರಡನೆಯ ಮಹಾಯುದ್ಧದಿಂದ ಮನೋರೋಗಿಯಾಗಿ ಮರಳಿದಾಗ ಇಬ್ಬರು ಹೆಣ್ಣುಮಕ್ಕಳ ಸಂಸಾರ ಇವರ ಹೆಗಲಿಗೆ ಬಿತ್ತು. 1949ರಿಂದ ಲಂಡನ್ನಿನ ಆಸ್ಪತ್ರೆ ಮಂಡಳಿಯ ಆಡಳಿತದಲ್ಲಿ ನೌಕರಿ. ಬರೆಯಲು ಅನುಕೂಲದ ಕಾಲ ಎಂದೂ ಬರುವುದಿಲ್ಲ ಎಂದು ಮನಗಂಡು, ನಸುಕಿನಲ್ಲೇ ಎದ್ದು ಕೆಲಸಕ್ಕೆ ಹೊರಡುವ ಮೊದಲು ಬರೆಯತೊಡಗಿದರು. ಮೊದಲ ಕಾದಂಬರಿ ‘ಕವರ್ ಹರ್ ಫೇಸ್’ ಪ್ರಕಟವಾದದ್ದು 1962ರಲ್ಲಿ.

ನಾನೂ ಐದಕ್ಕೆ ಎದ್ದೆ. “ಎದ್ದಿದ್ದೀಯಲ್ಲ, ಹಾಗೆಯೇ ಇಡ್ಲಿಗೆ ಇಟ್ಟುಬಿಡಮ್ಮ” ಎಂದರು ಅತ್ತೆ. ಮೊದಲ ವಾರ ಬರೆದದ್ದಕ್ಕಿಂತ ಬೇಯಿಸಿದ್ದೇ ಹೆಚ್ಚು.

ಆದರೆ ನಸುಕಿಗಿಂತ ಹೆಚ್ಚು ಉಪಕಾರವಾದದ್ದು ‘ಶ್ರೌಡ್ ಫಾರ್ ಎ ನೈಟಿಂಗೇಲ್’ (1971). ಅದು ನರ್ಸಿಂಗ್ ಶಾಲೆಯ ಕತೆ. ಮೂಗಿನ ಕೊಳವೆಯ ಮೂಲಕ ರೋಗಿಗೆ ಆಹಾರ ಕೊಡುವ ಪ್ರಾತ್ಯಕ್ಷಿಕೆ. ರೋಗಿಯ ಪಾತ್ರ ವಹಿಸಿದವಳು ಒಬ್ಬ ವಿದ್ಯಾರ್ಥಿನಿ. ಹಾಲೆಂದು ಒಳಗೆ ಹೋದದ್ದು ಸೋಂಕುನಿವಾರಕ. ಕೊಲೆಗಾರನಿಗೆ ಅಲ್ಲಿ ಕತ್ತಲೆಯೂ ಬೇಡ, ಪಿಸ್ತೂಲೂ ಬೇಡ. ಯಾವ ಬಾಟಲಿ ಎಷ್ಟು ಹೊತ್ತಿಗೆ ಎಲ್ಲಿರುತ್ತದೆ ಎಂಬುದು ಗೊತ್ತಿದ್ದರೆ ಸಾಕು. ಅಂದರೆ ಪಾಳಿ, ಕೀಲಿ, ಸಹಿ: ನಾನು ಬೇಸರದಿಂದ ದಿನವೂ ನೋಡುವ ಸಂಗತಿಗಳು! ಅಂದೇ ಹಳೆಯ ಹೆಣವನ್ನು ಕಿತ್ತುಹಾಕಿದೆ.

ಜೇಮ್ಸ್ ಅವರಿಗೆ ಕತೆಯ ಕಿಡಿ ಹೆಚ್ಚಾಗಿ ಸ್ಥಳದಿಂದ ಹೊತ್ತಿಕೊಳ್ಳುತ್ತಿತ್ತು. 1968ರಲ್ಲಿ ಗೃಹ ಇಲಾಖೆ ಸೇರಿ ಪೊಲೀಸ್ ಮತ್ತು ಅಪರಾಧ ನೀತಿಯ ಕಡತಗಳ ನಡುವೆ ದುಡಿದದ್ದೂ ವ್ಯರ್ಥವಾಗಲಿಲ್ಲ. 1977ರ ಕಾದಂಬರಿಯೊಂದು ವಿಧಿವಿಜ್ಞಾನ ಪ್ರಯೋಗಾಲಯದಲ್ಲೇ ನಡೆಯುತ್ತದೆ. ನಾನು ಆಸ್ಪತ್ರೆಯ ಔಷಧ ಉಗ್ರಾಣದ ನಕ್ಷೆ ಬರೆದೆ. ಬಾಗಿಲೆಷ್ಟು, ಕಿಟಕಿಯಿಂದ ಏನು ಕಾಣುತ್ತದೆ, ಮೂರು ಪಾಳಿಗಳು ಬದಲಾಗುವಾಗ ಯಾರೂ ಇಲ್ಲದ ನಿಮಿಷಗಳೆಷ್ಟು ಎಂದು ಎರಡು ತಿಂಗಳು ಟಿಪ್ಪಣಿ ಮಾಡಿದೆ. ಆಕೆ ಸಿನಿಮಾ ಚಿತ್ರೀಕರಣದಂತೆ ದೃಶ್ಯಗಳನ್ನು ಹಿಂದುಮುಂದಾಗಿ ಬರೆಯುತ್ತಿದ್ದರು. ಅದನ್ನೂ ಪ್ರಯತ್ನಿಸಿದೆ. ಮೂರನೆಯ ಅಧ್ಯಾಯದಲ್ಲಿ ಸತ್ತವನು ಐದನೆಯದರಲ್ಲಿ ಹಾಜರಿ ಪುಸ್ತಕಕ್ಕೆ ಸಹಿ ಹಾಕಿಬಿಟ್ಟ. ಆ ವಿದ್ಯೆ ನನಗೆ ಒಗ್ಗಲಿಲ್ಲ.

ನಡುವೆ ‘ದ ಚಿಲ್ಡ್ರನ್ ಆಫ್ ಮೆನ್’ (1992) ಓದಿದೆ. ಅದು ವೈಜ್ಞಾನಿಕ ಕಾದಂಬರಿ. ಪತ್ತೇದಾರಿ ಬರಹಗಾರ್ತಿ ದಾರಿ ತಪ್ಪಿದರೇನೋ ಎಂದು ಅನುಮಾನದಿಂದಲೇ ಹಿಡಿದೆ. 1995ರ ನಂತರ ಭೂಮಿಯ ಮೇಲೆ ಒಂದು ಮಗುವೂ ಹುಟ್ಟಿಲ್ಲ. ಕತೆ ಶುರುವಾಗುವುದು 2021ರ ಮೊದಲ ದಿನ. ಅಲ್ಲಿ ಅಂತರಿಕ್ಷ ನೌಕೆಯಿಲ್ಲ, ಯಂತ್ರಮಾನವನಿಲ್ಲ. ಹೆಂಗಸರು ಗೊಂಬೆಗಳನ್ನು ತಳ್ಳುಗಾಡಿಯಲ್ಲಿ ಕೂರಿಸಿ ತಿರುಗಾಡಿಸುತ್ತಾರೆ, ಬೆಕ್ಕಿನ ಮರಿಗೆ ನಾಮಕರಣ ಮಾಡುತ್ತಾರೆ. ಮುದುಕರ ಸಾಮೂಹಿಕ ಸಾವಿಗೂ ಒಂದು ಸರ್ಕಾರಿ ವ್ಯವಸ್ಥೆಯಿದೆ. ನನ್ನನ್ನು ಹೆದರಿಸಿದ್ದು ಆ ವ್ಯವಸ್ಥೆ. ನಿತ್ಯದ ಆಡಳಿತದಿಂದ ಒಂದೇ ಒಂದು ಇಟ್ಟಿಗೆ ಎಳೆದು, ಉಳಿದ ಗೋಡೆ ಹೇಗೆ ವಾಲುತ್ತದೆ ಎಂದು ನೋಡುವುದು ಕಚೇರಿಯಲ್ಲಿ ಸವೆದವರಿಗೇ ಸಾಧ್ಯ. ನನ್ನ ಮಟ್ಟಿಗೆ ಆಕೆಯ ಅತ್ಯುತ್ತಮ ಕೃತಿ ಇದೇ; ಆಕೆಯ ಪತ್ತೇದಾರಿ ಕಾದಂಬರಿಗಳ ನಾಯಕ, ಕವಿಯೂ ಆಗಿರುವ ಪೊಲೀಸ್ ಅಧಿಕಾರಿ ಡಾಲ್ಗ್ಲಿಶನ ಅಭಿಮಾನಿಗಳು ಕ್ಷಮಿಸಲಿ.

ಕಳೆದ ತಿಂಗಳು ಕರಡು ಮುಗಿಯಿತು. ನಮ್ಮ ಉಗ್ರಾಣದ ಫಾರ್ಮಸಿಸ್ಟರಿಗೆ ಓದಲು ಕೊಟ್ಟೆ. ಎರಡೇ ದಿನದಲ್ಲಿ ತಂದುಕೊಟ್ಟರು. “ಚೆನ್ನಾಗಿದೆ ಮೇಡಂ. ಆದರೆ ರಾತ್ರಿ ಪಾಳಿಗೆ ನಾವು ಉಗ್ರಾಣದ ಕೀಲಿ ಕೊಡುವುದಿಲ್ಲವಲ್ಲ? ಸಂಜೆಯೇ ವಾರ್ಡಿಗೆ ಔಷಧ ಹೋಗಿರುತ್ತದೆ. ನಿಮ್ಮ ಕೊಲೆಗಾರ ಬೀಗ ಒಡೆದನೇ?”

ಹದಿನಾಲ್ಕನೆಯ ಅಧ್ಯಾಯದಿಂದ ಮತ್ತೆ ಬರೆಯುತ್ತಿದ್ದೇನೆ.