ಕ್ಯಾಮೆರಾ ಹಿಂದಿನ ಕೆಲಸ ಬೇಕಾ? ಮಲೆನಾಡಲ್ಲೇ ಶುರು ಮಾಡಿ

ನಟನೆ ಬೇಡ, ನಿರ್ದೇಶನವೂ ಬೇಡ, ಆದರೆ ಸಿನಿಮಾ ಮಾತ್ರ ಬೇಕು ಅನ್ನುವವರಿಗೆ ಸರಿಹೊಂದುವ ಕೆಲಸ ನಿರ್ಮಾಣ. ನಿರ್ಮಾಪಕ ಅಂದ್ರೆ ದುಡ್ಡು ಹಾಕುವ ಸಾಹುಕಾರ ಅಂತಲೇ ನಮ್ಮಲ್ಲಿ ಲೆಕ್ಕ, ಅಲ್ವಾ? ಹಾಗಿದ್ದರೆ ಸ್ಪೇನಿನ ಎಲಿಯಾಸ್ ಕೆರೆಹೇಟಾ ಬಗ್ಗೆ ಸ್ವಲ್ಪ ತಿಳ್ಕೊಳ್ಳಿ. 1950ರ ದಶಕದಲ್ಲಿ ರಿಯಲ್ ಸೊಸಿಯೆದಾದ್ ತಂಡಕ್ಕೆ ಫುಟ್‌ಬಾಲ್ ಆಡುತ್ತಿದ್ದವರು, ಆಮೇಲೆ ನಿರ್ಮಾಣಕ್ಕೆ ಬಂದರು. ಆಗ ಫ್ರಾಂಕೋ ಸರ್ವಾಧಿಕಾರ, ಮೇಲೆ ಸೆನ್ಸಾರ್ ಕಾಟ ಬೇರೆ. ಅಂಥದ್ದರಲ್ಲೂ ನಿರ್ದೇಶಕರಾದ ಕಾರ್ಲೋಸ್ ಸೌರಾ, ವಿಕ್ತೋರ್ ಎರಿಸೆ ಅವರ ಹೆಸರುವಾಸಿ ಸಿನಿಮಾಗಳ ಹಿಂದೆ ನಿಂತವರು ಇವರೇ.

ಕೆರೆಹೇಟಾ ನಿರ್ಮಿಸಿ ಸೌರಾ ನಿರ್ದೇಶಿಸಿದ 1966ರ ‘ಲಾ ಕಾಸಾ’ (La caza, ಅಂದ್ರೆ ಬೇಟೆ) ಹುಡುಕಿ ನೋಡಿ. ನಾಲ್ಕು ಜನ ಮೊಲದ ಬೇಟೆಗೆ ಹೋಗುತ್ತಾರೆ, ಒಂದೇ ದಿನದ ಕಥೆ, ಹೆಚ್ಚುಕಡಿಮೆ ಒಂದೇ ಜಾಗ, ಕಪ್ಪು-ಬಿಳುಪು. ಸೌರಾಗೆ ಬರ್ಲಿನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಿರ್ದೇಶಕ ಅಂತ ಬೆಳ್ಳಿ ಕರಡಿ ಪ್ರಶಸ್ತಿ ಬಂದಿದ್ದು ಇದಕ್ಕೇ. ಛಾಯಾಗ್ರಾಹಕ ಲೂಯಿಸ್ ಕ್ವಾದ್ರಾದೋ, ಸಂಕಲನಕಾರ ಪಾಬ್ಲೋ ದೆಲ್ ಆಮೋ ಥರದವರನ್ನು ಕೆರೆಹೇಟಾ ಒಂದು ಸಿನಿಮಾಕ್ಕೆ ಕರೆದು ಬಿಟ್ಟುಬಿಡಲಿಲ್ಲ, ಮತ್ತೆ ಮತ್ತೆ ಜೊತೆಗೇ ಇಟ್ಟುಕೊಂಡರು. ನೀವೂ ಅಷ್ಟೇ, ಮೊದಲ ಕಿರುಚಿತ್ರಕ್ಕೆ ಒಂದು ಮನೆ, ಮೂರ್ನಾಲ್ಕು ಪಾತ್ರ, ಹೊಂದಿಕೊಂಡು ಹೋಗುವ ಸಣ್ಣ ತಂಡ ಸಾಕು. ಜನ ಎಲ್ಲಿ ಸಿಗುತ್ತಾರೆ ಅಂದರೆ, ಸಾಗರದ ಹತ್ತಿರ ಹೆಗ್ಗೋಡಿನ ನೀನಾಸಂ ಇದೆ, ಅಲ್ಲಿ ಕಲಿತವರು ಸುತ್ತಮುತ್ತ ಇದ್ದೇ ಇರುತ್ತಾರೆ.

ಸ್ಕ್ರಿಪ್ಟ್ ಕೈಗೆ ಬಂದ ಮೇಲೆ ಸೀನ್ ಸೀನಿಗೂ ಯಾರು ಬೇಕು, ಏನು ಸಾಮಾನು ಬೇಕು, ಹಗಲೋ ರಾತ್ರಿಯೋ ಅಂತ ಬರೆದುಕೊಳ್ಳಿ. ಬಜೆಟ್ ಹುಟ್ಟೋದು ಇಲ್ಲಿಂದ, ಸುಮ್ನೆ ಅಂದಾಜಿನಿಂದ ಅಲ್ಲ.

ಇನ್ನು ಜಾಗ. ತೀರ್ಥಹಳ್ಳಿ ಕಡೆ ಒಂದು ಹಳೇ ತೊಟ್ಟಿಮನೆ ಮಳೆಗಾಲ ಮುಗಿದ ಮೇಲೆ ನೋಡಿರುತ್ತೀರಿ, ಅಂಗಳ ಖಾಲಿ, ಮನೆಯವರೂ ಒಪ್ಪಿರುತ್ತಾರೆ. ಡಿಸೆಂಬರ್‌ನಲ್ಲಿ ಯೂನಿಟ್ ಕರೆದುಕೊಂಡು ಹೋದರೆ ಅಂಗಳದ ತುಂಬ ಬೇಯಿಸಿದ ಅಡಿಕೆ ಹರಡಿರುತ್ತದೆ. ಅದನ್ನು ಎತ್ತಿಸಿ ಅಂತ ಕೇಳೋಕೆ ಹೋಗಬೇಡಿ, ಅದು ಅವರ ವರ್ಷದ ದುಡಿಮೆ. ಅಡಿಕೆಯನ್ನೇ ಫ್ರೇಮಿಗೆ ತಗೊಂಡರೆ ಇನ್ನೊಂದು ತಾಪತ್ರಯ: ಒಣಗುತ್ತಾ ಹೋದಂತೆ ಬಣ್ಣ ಬದಲಾಗುತ್ತದೆ, ಮೊದಲ ದಿನದ ಶಾಟಿಗೂ ನಾಲ್ಕನೇ ದಿನದ ಶಾಟಿಗೂ ತಾಳೆಯಾಗಲ್ಲ. ಆದ್ದರಿಂದ ಅಂಗಳದ ಸೀನ್‌ಗಳನ್ನೆಲ್ಲ ಒಂದೇ ದಿನ ಮುಗಿಸುವಂತೆ ಶೆಡ್ಯೂಲ್ ಹಾಕಿ. ಕೊಯ್ಲಿನ ಟೈಮಲ್ಲಿ ಊರಲ್ಲಿ ಕೆಲಸಕ್ಕೆ ಆಳೂ ಸಿಗಲ್ಲ, ಲೈಟ್ ಹೊರೋಕೆ ಜನ ಬೇಕಾದರೆ ಶಿವಮೊಗ್ಗದಿಂದಲೇ ಕರೆದುಕೊಂಡು ಹೋಗಿ.

ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಆಗುಂಬೆ ಕಡೆ ಹೊರಗಿನ ಸೀನ್ ಇಟ್ಟುಕೊಂಡರೆ ನಿಮ್ಮ ಧೈರ್ಯಕ್ಕೆ ಮೆಚ್ಚಬೇಕು! ಮಳೆಯೇ ಬೇಕು ಅಂತಿದ್ದರೆ ಸರಿ, ಆಗ ಟಾರ್ಪಾಲು, ಉಂಬಳಕ್ಕೆ ಉಪ್ಪು, ಒಳಾಂಗಣದ ಒಂದೆರಡು ಸೀನ್ ಯಾವಾಗಲೂ ರೆಡಿ ಇರಲಿ. ಹಂಚಿನ ಮೇಲೆ ಮಳೆ ಬೀಳುವಾಗ, ಸಂಜೆ ಜೀರುಂಡೆ ಶುರುವಾದಾಗ ಮಾತು ರೆಕಾರ್ಡ್ ಮಾಡೋದು ಕಷ್ಟ. ಜಾಗ ನೋಡೋಕೆ ಹೋದಾಗ ಸಂಜೆ ಏಳರವರೆಗೂ ಅಲ್ಲೇ ಕೂತು ಕಿವಿಗೊಡಿ.

ಕಾಡಾದರೆ ಅರಣ್ಯ ಇಲಾಖೆ, ಸಂರಕ್ಷಿತ ಕೋಟೆ-ದೇವಸ್ಥಾನವಾದರೆ ಪುರಾತತ್ವ ಇಲಾಖೆ, ಖಾಸಗಿ ತೋಟವಾದರೆ ಮಾಲೀಕರು. ಎಲ್ಲ ಅನುಮತಿಯೂ ಬರಹದಲ್ಲೇ ಇರಲಿ, ಪ್ರತಿ ನಿಮ್ಮ ಚೀಲದಲ್ಲೇ ಇರಲಿ.

ದುಡ್ಡಿನ ವಿಷಯಕ್ಕೆ ಬಂದರೆ ಊಟ ಮತ್ತು ಬಾಟಾದಲ್ಲಿ (ದಿನದ ಭತ್ಯೆ) ಜಿಪುಣತನ ಬೇಡ. ಹೊತ್ತಿಗೆ ಸರಿಯಾಗಿ ಊಟ ಬಂದರೆ ಜನ ರಾತ್ರಿ ಒಂದು ಗಂಟೆ ಜಾಸ್ತಿ ನಿಂತು ಕೆಲಸ ಮಾಡುತ್ತಾರೆ. ಪ್ರತಿ ಖರ್ಚಿಗೂ ವೋಚರ್ ಬರೆಸಿ, ಅವತ್ತಿನ ಲೆಕ್ಕ ಅವತ್ತೇ ಮುಗಿಸಿ. ನಮ್ಮ ಹುಡುಗರು ಜೋಗಕ್ಕೆ ಡ್ರೋನ್ ತಗೊಂಡು ಹೋಗಿ ದುಡ್ಡೆಲ್ಲ ಮುಗಿಸಿಕೊಂಡು ಬಂದುಬಿಡುತ್ತಾರೆ, ಆಮೇಲೆ ಎಡಿಟಿಂಗ್‌ಗೆ ಕಾಸಿಲ್ಲದೆ ಸಿನಿಮಾ ಹಾರ್ಡ್ ಡಿಸ್ಕ್‌ನಲ್ಲೇ ಉಳಿಯುತ್ತದೆ. ಎಡಿಟಿಂಗ್, ಸೌಂಡ್ ಕೆಲಸದ ದುಡ್ಡನ್ನು ಶೂಟಿಂಗ್‌ಗೆ ಮೊದಲೇ ಬೇರೆ ಖಾತೆಗೆ ಹಾಕಿ, ಡೈರೆಕ್ಟರ್ ಎಷ್ಟೇ ಗೋಗರೆದರೂ ತೆಗೆಯಬೇಡಿ.