ಹಳೆಯ ವಿಂಡೋಸ್ 7ರಲ್ಲಿ ಹೊಸ ಆಟ ಆಡಿಸುವುದು ಹೇಗೆ?

ಕಕ್ಕಡದ ಮಳೆಗೆ ಶಾಲೆಗೆ ರಜೆ ಕೊಟ್ಟ ದಿನ, ಮಡಿಕೇರಿಯಲ್ಲಿರುವ ನಮ್ಮ ಅಕ್ಕನ ಮಗ ಹಳೆಯ ಕಂಪ್ಯೂಟರಿಗೆ ಹೊಸ ಆಟವೊಂದನ್ನು ಹಾಕಿ, ‘ಎಪಿಐ-ಎಂಎಸ್-ವಿನ್-ಸಿಆರ್‌ಟಿ’ ಎಂದು ಶುರುವಾಗುವ ಉದ್ದ ಹೆಸರಿನ ಡಿಎಲ್‌ಎಲ್ ಕಡತ (ಹಲವು ತಂತ್ರಾಂಶಗಳು ಹಂಚಿಕೊಂಡು ಬಳಸುವ ಕಡತ) ಇಲ್ಲವೆಂಬ ಸಂದೇಶವನ್ನು ಮತ್ತೆ ಮತ್ತೆ ಮುಚ್ಚುತ್ತ ಕುಳಿತಿದ್ದ. ಮುಚ್ಚುವ ಮೊದಲು ಅದನ್ನು ಬರೆದಿಟ್ಟುಕೊಳ್ಳಬೇಕು. ಕೊರತೆ ಏನೆಂಬುದು ಅದರಲ್ಲೇ ಇರುತ್ತದೆ.

ಮೊದಲು ವಿಂಡೋಸ್ ಕೀಲಿಯ ಜೊತೆ ಆರ್ ಒತ್ತಿ, ‘ಡಿಎಕ್ಸ್‌ಡಯಾಗ್’ (dxdiag) ಎಂದು ಇಂಗ್ಲಿಷ್ ಅಕ್ಷರಗಳಲ್ಲಿ ಟೈಪ್ ಮಾಡಿ ಎಂಟರ್ ಒತ್ತಿ. ಅಲ್ಲಿ ವಿಂಡೋಸ್ 32 ಬಿಟ್ ಎಂದಿದ್ದರೆ ಮುಂದಿನ ಶ್ರಮ ಬಹುಪಾಲು ವ್ಯರ್ಥ, ಏಕೆಂದರೆ ಈಗಿನ ಹೆಚ್ಚಿನ ದೊಡ್ಡ ಆಟಗಳು 64 ಬಿಟ್ ವ್ಯವಸ್ಥೆಯಲ್ಲಿ ಮಾತ್ರ ತೆರೆದುಕೊಳ್ಳುತ್ತವೆ.

64 ಬಿಟ್ ಆಗಿದ್ದರೆ ಸರ್ವಿಸ್ ಪ್ಯಾಕ್ 1 (ವಿಂಡೋಸ್ 7ರ ದೊಡ್ಡ ಅಪ್‌ಡೇಟ್) ಇದೆಯೇ ನೋಡಿಕೊಂಡು, ಮೈಕ್ರೋಸಾಫ್ಟ್‌ನ ಅಪ್‌ಡೇಟ್ ಕ್ಯಾಟಲಾಗ್‌ನಿಂದ ಮೊದಲು ಕೆಬಿ 4474419, ಬಳಿಕ ಕೆಬಿ 2999226 ಎಂಬ ಸಂಖ್ಯೆಯ ಅಪ್‌ಡೇಟ್‌ಗಳನ್ನು ಹಾಕಿ. ಮೊದಲನೆಯದು ಶಾ-2 ಎಂಬ ಹೊಸ ಬಗೆಯ ಡಿಜಿಟಲ್ ಸಹಿಯನ್ನು ಗುರುತಿಸಲು ವಿಂಡೋಸ್‌ಗೆ ಕಲಿಸುತ್ತದೆ. ಎರಡನೆಯದು ಹುಡುಗನಿಗೆ ಸಿಗದಿದ್ದ ಆ ಕಡತಗಳನ್ನೇ ತಂದುಕೊಡುತ್ತದೆ. ಕೊನೆಗೆ ಆಟಗಳಿಗೆ ಬೇಕಾದ ಇನ್ನಷ್ಟು ಕಡತಗಳಿರುವ ಮೈಕ್ರೋಸಾಫ್ಟ್‌ನ ವಿಷುಯಲ್ ಸಿ++ 2015–2022 ಪ್ಯಾಕೇಜ್ ಹಾಕಿ, ಒಮ್ಮೆ ರೀಸ್ಟಾರ್ಟ್ ಮಾಡಿ. ಯಾವುದೋ ಜಾಲತಾಣದಿಂದ ಒಂಟಿ ಡಿಎಲ್‌ಎಲ್ ಇಳಿಸಿಕೊಳ್ಳುವುದು ಮಾತ್ರ ಬೇಡವೇ ಬೇಡ, ಅದರ ಜೊತೆ ವೈರಸ್ ಬಂದರೂ ನಮಗೆ ತಿಳಿಯುವುದಿಲ್ಲ.

ಕಾಣೆಯಾದದ್ದು ‘ಡಿ3ಡಿ12’ ಎಂದಾದರೆ ಕಥೆಯೇ ಬೇರೆ. ಅದು ಡೈರೆಕ್ಟ್‌ಎಕ್ಸ್ 12ರ ಕಡತ. ಆಟದ ಚಿತ್ರಗಳನ್ನು ಪರದೆಗೆ ತರುವ ಈ ಮೈಕ್ರೋಸಾಫ್ಟ್ ತಂತ್ರಾಂಶ ಬಂದದ್ದು 2015ರಲ್ಲಿ, ವಿಂಡೋಸ್ 10ರ ಜೊತೆ. ಅದು ಆ ವ್ಯವಸ್ಥೆಯ ಗ್ರಾಫಿಕ್ಸ್ ಡ್ರೈವರ್ ರಚನೆಯನ್ನೇ ನಂಬಿಕೊಂಡಿರುವುದರಿಂದ ಕಡತವನ್ನು ನಕಲು ಮಾಡಿ ತಂದರೆ ಕೆಲಸವಾಗದು. 2019ರಲ್ಲಿ ವರ್ಲ್ಡ್ ಆಫ್ ವಾರ್‌ಕ್ರಾಫ್ಟ್‌ಗಾಗಿ ಮೈಕ್ರೋಸಾಫ್ಟ್ ಇದನ್ನು ವಿಂಡೋಸ್ 7ಕ್ಕೂ ಒಗ್ಗಿಸಿಕೊಟ್ಟಿತ್ತಾದರೂ ಅಂಥ ಆಟಗಳು ಅಪರೂಪ. ಕೆಲವು ಆಟಗಳ ಶಾರ್ಟ್‌ಕಟ್‌ನ ‘ಟಾರ್ಗೆಟ್’ ಸಾಲಿನ ಕೊನೆಗೆ ಒಂದು ಜಾಗ ಬಿಟ್ಟು, ‘-ಡಿಎಕ್ಸ್11’ (-dx11) ಎಂದು ಇಂಗ್ಲಿಷಿನಲ್ಲಿ ಸೇರಿಸಿದರೆ ಅವು ಹಳೆಯ ಡೈರೆಕ್ಟ್‌ಎಕ್ಸ್ 11ರ ದಾರಿ ಹಿಡಿಯುತ್ತವೆ.

ವಿಂಡೋಸ್‌ನ ಮೂಲ ಕಡತಗಳಲ್ಲೊಂದಾದ ‘ಕರ್ನಲ್32’ರಲ್ಲಿ ಏನೋ ಸಿಗಲಿಲ್ಲವೆಂದರೆ, ಹೊಸ ವಿಂಡೋಸ್‌ಗಷ್ಟೇ ಬರೆದ ತಂತ್ರಾಂಶಗಳನ್ನು 7ರಲ್ಲಿ ಓಡಿಸಲು ಹವ್ಯಾಸಿಗಳು ರೂಪಿಸಿದ ವಿಎಕ್ಸ್‌ಕೆಕ್ಸ್ (VxKex) ಎಂಬ ತಂತ್ರಾಂಶವನ್ನು ಪ್ರಯತ್ನಿಸಬಹುದು, ಅದನ್ನು ಹಾಕಿದ ಮೇಲೆ ಆಟದ ಕಡತದ ‘ಪ್ರಾಪರ್ಟೀಸ್’ನಲ್ಲಿ ಹೊಸ ಟ್ಯಾಬ್ ಬರುತ್ತದೆ, ಅಲ್ಲಿ ಟಿಕ್ ಹಾಕಿದರಾಯಿತು. ಮೋಸ ತಡೆಯುವ ತಂತ್ರಾಂಶವಿರುವ ಆನ್‌ಲೈನ್ ಆಟಗಳಲ್ಲಿ ಇದನ್ನು ಬಳಸಬೇಡಿ, ಖಾತೆಗೇ ಕುತ್ತು ಬರಬಹುದು.

ಆಟವನ್ನು ಎಲ್ಲಿಂದ ತರುವುದು? ಆಟ ಮಾರುವ ಆನ್‌ಲೈನ್ ಅಂಗಡಿಯಾದ ಸ್ಟೀಮ್ 2024ರ ಜನವರಿ 1ರಿಂದ ವಿಂಡೋಸ್ 7ಕ್ಕೆ ಬೆಂಬಲ ನಿಲ್ಲಿಸಿದೆ. ಅಂಥದೇ ಇನ್ನೊಂದು ಅಂಗಡಿ ಜಿಒಜಿಯಲ್ಲಿ (GOG) ಕೊಂಡ ಆಟದ ಇನ್‌ಸ್ಟಾಲರ್ ಅನ್ನು ಮಾತ್ರ ಪೂರ್ತಿ ಇಳಿಸಿಟ್ಟುಕೊಳ್ಳಬಹುದು. ಗಾಳಿಮಳೆಗೆ ಕರೆಂಟಿನ ಹಿಂದೆಯೇ ನೆಟ್‌ವರ್ಕೂ ಹೋಗುವ ನಮ್ಮ ಕಡೆ ಇದು ದೊಡ್ಡ ಅನುಕೂಲ: ಕುಶಾಲನಗರದ ನೆಂಟರ ಮನೆಯಲ್ಲಿ ಇಳಿಸಿ ಪೆನ್‌ಡ್ರೈವಿನಲ್ಲಿ ತರಬಹುದು. ಪೆನ್‌ಡ್ರೈವಿನ ಫಾರ್ಮ್ಯಾಟ್ ಫ್ಯಾಟ್32 ಆಗಿದ್ದರೆ 4 ಜಿಬಿಗಿಂತ ದೊಡ್ಡ ಕಡತ ಹಿಡಿಯದು, ಎನ್‌ಟಿಎಫ್‌ಎಸ್‌ಗೆ ಫಾರ್ಮ್ಯಾಟ್ ಮಾಡಿಕೊಳ್ಳಿ.

ವಿಂಡೋಸ್ 7ಕ್ಕೆ ಸಾಮಾನ್ಯ ಬಳಕೆದಾರರ ಭದ್ರತಾ ಅಪ್‌ಡೇಟ್ 2020ರ ಜನವರಿ 14ಕ್ಕೇ ಮುಗಿದಿರುವುದರಿಂದ ಅದೇ ಯಂತ್ರದಲ್ಲಿ ಬ್ಯಾಂಕಿನ ವ್ಯವಹಾರ ಬೇಡ. ಇಷ್ಟೆಲ್ಲ ಮಾಡಿಯೂ ಆಟ ಏಳದಿದ್ದರೆ, ಬೇರೊಂದು ಸಣ್ಣ ಎಸ್‌ಎಸ್‌ಡಿ ಡಿಸ್ಕಿನಲ್ಲಿ ಲಿನಕ್ಸ್ ಮಿಂಟ್ ಎಂಬ ಉಚಿತ ಕಾರ್ಯವ್ಯವಸ್ಥೆ ಹಾಕಿ, ವಿಂಡೋಸ್ ಆಟಗಳನ್ನು ಲಿನಕ್ಸ್‌ನಲ್ಲಿ ಓಡಿಸುವ ಸ್ಟೀಮ್‌ನ ಪ್ರೋಟಾನ್ ಮೂಲಕ ನೋಡಿ. ಹಳೆಯ ಡಿಸ್ಕನ್ನು ಮುಟ್ಟಬೇಕಾಗಿಲ್ಲ.